ಕಂಬದ ಬುಡ ಒಣಗಿರಬೇಕು

ಇಂಗ್ಲೆಂಡಿನ ಎಸೆಕ್ಸ್‌ನಲ್ಲಿ ಕ್ರೆಸಿಂಗ್ ಎಂಬ ಗ್ರಾಮೀಣ ಪ್ಯಾರಿಷ್ ಇದೆ. 1137ರಲ್ಲಿ ರಾಣಿ ಮಟಿಲ್ಡಾ ಇಲ್ಲಿನ ಜಮೀನನ್ನು ಟೆಂಪ್ಲರ್ ಯೋಧ ಸನ್ಯಾಸಿಗಳಿಗೆ ದಾನ ಕೊಟ್ಟಳು. ಅವರು ಕಟ್ಟಿಸಿದ ಎರಡು ಓಕ್ ಮರದ ಕಟ್ಟಡಗಳು, ಬಾರ್ಲಿಯದೊಂದು, ಗೋಧಿಯದೊಂದು, ಈಗಲೂ ನಿಂತಿವೆ. ಇವನ್ನು ಕಣಜ ಎನ್ನುವುದಕ್ಕಿಂತ ಸೂರು ಹೊದಿಸಿದ ಕಣ ಎಂದರೆ ಸರಿ. ಮಳೆಯ ದೇಶ, ಸಿವುಡುಗಳನ್ನು ಒಳಗೆ ಒಟ್ಟಿ, ಚಳಿಗಾಲವಿಡೀ ಬಡಿದು ಕಾಳು ಬಿಡಿಸುತ್ತಿದ್ದರು. ಇಂಥ ಕಟ್ಟಡಗಳಲ್ಲಿ ತುಂಬಿದ ಬಂಡಿ ಹೊಗುವಷ್ಟು ಎತ್ತರದ ಬಾಗಿಲುಗಳು ಎದುರುಬದುರಾಗಿರುತ್ತವೆ. ಎರಡನ್ನೂ ತೆರೆದರೆ ಬೀಸುವ ಗಾಳಿಯೇ ಹೊಟ್ಟು ತೂರುತ್ತಿತ್ತು.

ಬಾರ್ಲಿ ಕಟ್ಟಡದ ಮರ ಕಡಿದದ್ದು 1205 ಮತ್ತು 1235ರ ನಡುವೆ, ಗೋಧಿಯದಕ್ಕೆ 1257 ಮತ್ತು 1280ರ ನಡುವೆ. ಇದು ಮರದ ವಾರ್ಷಿಕ ಉಂಗುರಗಳ ಲೆಕ್ಕ. ಇಸವಿ ಖಚಿತವಾಗಿ ಸಿಗದಿರಲು ಕಾರಣವುಂಟು: ತೊಗಟೆಯವರೆಗಿನ ಉಂಗುರಗಳು ಉಳಿದಿದ್ದರೆ ಮಾತ್ರ ಕಡಿದ ವರ್ಷ ಹೇಳಬಹುದು. ಬಡಗಿ ಹೊರಗಿನ ಬಿಳಿ ಭಾಗವನ್ನು ಕೆತ್ತಿ ಹಾಕಿದ್ದರೆ ಅಂದಾಜೇ ಗತಿ. ಇಂಗ್ಲಿಷ್ ಓಕ್‌ನಲ್ಲಿ ಆ ಭಾಗ ಸಾಮಾನ್ಯವಾಗಿ 9ರಿಂದ 41 ಉಂಗುರ.

ಓಕ್ ಅನ್ನು ಹಸಿಯಾಗಿದ್ದಾಗಲೇ ಕೆತ್ತಿ ಜೋಡಿಸುತ್ತಿದ್ದರು. ಒಣಗಿದ ಓಕ್ ಉಳಿಗೆ ಬಗ್ಗುವುದಿಲ್ಲ. ಬಡಗಿಗಳ ಜಾಣ್ಮೆ ಕಾಣುವುದು ಗೂಟದಲ್ಲಿ. ಒಂದು ತೊಲೆಯ ನಾಲಗೆ ಇನ್ನೊಂದರ ಕುಳಿಯೊಳಗೆ ಕೂರುತ್ತದೆ. ಎರಡರ ತೂತುಗಳನ್ನು ಬೇಕೆಂದೇ ಎರಡು ಮೂರು ಮಿಲಿಮೀಟರ್ ಆಚೀಚೆ ಕೊರೆಯುತ್ತಾರೆ. ಮೊನಚು ಗೂಟ ಬಡಿದಂತೆ ಅದು ನಾಲಗೆಯನ್ನು ಒಳಕ್ಕೆ ಎಳೆದು ಬಿಗಿಯುತ್ತದೆ. ಮುಂದೆ ಮರ ಒಣಗಿ ಕುಗ್ಗಿದರೂ ಬಿಗಿ ಸಡಿಲುವುದಿಲ್ಲ. ಕಬ್ಬಿಣದ ಮೊಳೆ ಇಲ್ಲಿ ಶತ್ರು: ಓಕ್‌ನ ಟ್ಯಾನಿನ್ ಆಮ್ಲ ಅದನ್ನು ತಿನ್ನುತ್ತದೆ, ಮರವೂ ಕಪ್ಪಾಗುತ್ತದೆ. ಅದಕ್ಕೇ ಇಂದಿನ ದುರಸ್ತಿಯಲ್ಲಿ ಬೋಲ್ಟ್ ಬೇಕಾದರೆ ಸ್ಟೇನ್‌ಲೆಸ್ ಸ್ಟೀಲ್.

ಇಂಥ ಕಟ್ಟಡ ಹಾಳಾಗುವುದು ಹೆಚ್ಚಾಗಿ ಬುಡದಿಂದ. ಗೊಬ್ಬರ, ಮಣ್ಣು, ಆಮೇಲೆ ಸುರಿದ ಕಾಂಕ್ರೀಟ್ ಸೇರಿ ಅಂಗಳದ ಮಟ್ಟ ಏರುತ್ತದೆ. ಗೋಡೆಯಡಿಯ ಅಡ್ಡತೊಲೆ ನೆಲದೊಳಗೆ ಹೂತುಹೋಗುತ್ತದೆ. ತೇವಾಂಶ ಶೇ 20 ದಾಟಿತೆಂದರೆ ಶಿಲೀಂಧ್ರಕ್ಕೆ ಹಬ್ಬ. ಅದು ಮೆತ್ತಗಾಗಿಸಿದ ಓಕನ್ನೇ ಡೆತ್‌ವಾಚ್ ಜೀರುಂಡೆಯ ಮರಿಹುಳು ಹುಡುಕಿ ಕೊರೆಯುತ್ತದೆ. ಕೀಟನಾಶಕ ಹೊಡೆಯುವುದು ಬಹುಮಟ್ಟಿಗೆ ದುಡ್ಡು ದಂಡ. ಮೊದಲು ಮಣ್ಣು ತೆಗೆಯಿರಿ, ಸೂರಿನ ನೀರು ಹರಿಸುವ ದೋಣಿ ಸರಿಪಡಿಸಿ, ಒಣಗಲು ಬಿಡಿ.

ಮರದ ಚೌಕಟ್ಟಿನ ನಡುವೆ ಸಿಮೆಂಟ್ ಮೆತ್ತುವ ತಪ್ಪು ಇನ್ನೂ ಸಾಮಾನ್ಯ. ಮರ ಋತುವಿನೊಂದಿಗೆ ಹಿಗ್ಗಿ ಕುಗ್ಗುತ್ತದೆ, ಸಿಮೆಂಟ್ ಅಲುಗುವುದಿಲ್ಲ. ನಡುವೆ ಕೂದಲೆಳೆ ಬಿರುಕು. ಅಲ್ಲಿ ಇಳಿದ ನೀರು ಹೊರಬರಲಾರದು. ಒಂದು ಪಾಲು ಅರಳಿಸಿದ ಸುಣ್ಣಕ್ಕೆ ಮೂರು ಪಾಲು ಮರಳಿನ ಗಾರೆ ಮೃದು, ತೇವವನ್ನು ಹೊರಬಿಡುತ್ತದೆ. ಆದರೆ ಗಾಳಿಯ ಕಾರ್ಬನ್ ಡೈಆಕ್ಸೈಡ್ ಹೀರಿ ಗಟ್ಟಿಯಾಗಲು ಅದಕ್ಕೆ ಸಮಯ ಬೇಕು. 5 ಡಿಗ್ರಿಗಿಂತ ಚಳಿಯಿದ್ದಾಗ ಮೆತ್ತಿದರೆ, ಹಿಮಕ್ಕೆ ಸಿಕ್ಕಿ ಪುಡಿಯಾಗುತ್ತದೆ. ಕೊಳೆತ ಕಂಬವನ್ನೂ ಇಡಿಯಾಗಿ ಬದಲಿಸುವುದಿಲ್ಲ. ಕೆಟ್ಟಷ್ಟನ್ನು ಮಾತ್ರ ಕತ್ತರಿಸಿ, ಹೊಸ ಓಕ್ ಕಾಲನ್ನು ಓರೆ ಕಚ್ಚಿನಲ್ಲಿ ಬೆಸೆಯುತ್ತಾರೆ.

ಇದಕ್ಕೆಲ್ಲ ಕಾನೂನಿನ ಕಾವಲೂ ಇದೆ. ಕ್ರೆಸಿಂಗ್‌ನ ಎರಡೂ ಕಟ್ಟಡಗಳು ಅತ್ಯುನ್ನತ ದರ್ಜೆಯಾದ ಗ್ರೇಡ್ 1. ಇಂಗ್ಲೆಂಡಿನ ಸಂರಕ್ಷಿತ ಕಟ್ಟಡಗಳಲ್ಲಿ ಆ ದರ್ಜೆ ಪಡೆದವು ಸುಮಾರು ಶೇ 2.5. ಸಂರಕ್ಷಿತ ಕಟ್ಟಡದ ಸ್ವರೂಪವನ್ನು ಅನುಮತಿಯಿಲ್ಲದೆ ಬದಲಿಸುವುದು 1990ರ ಕಾಯ್ದೆಯಡಿ ಅಪರಾಧ, ಎರಡು ವರ್ಷದವರೆಗೆ ಜೈಲಾಗಬಹುದು. ಮುಖ್ಯ ಕಟ್ಟಡದ ಆವರಣಕ್ಕೆ ಸೇರಿ 1948ರ ಜುಲೈ 1ಕ್ಕೂ ಮೊದಲಿನಿಂದ ಇರುವ ಹಂದಿಗೂಡಿಗೂ ಇದೇ ರಕ್ಷಣೆ.

ಬಾವಲಿಗಳಿಗೆ ಬೇರೆ ಕಾನೂನು. ಹೆಂಚು ತೆಗೆಯುವ ಮುನ್ನ ಅವು ಅಲ್ಲಿ ತಂಗುತ್ತವೆಯೇ ಎಂದು ಪರಿಣತರಿಂದ ನೋಡಿಸಬೇಕು. ಇಲ್ಲೊಂದು ವಿಚಿತ್ರವಿದೆ. ಹೆಂಚಿನಡಿ ಹಾಸುವ, ತೇವ ಹೊರಬಿಡುವ ಆಧುನಿಕ ಹಾಳೆ ಮರಕ್ಕೆ ಹಿತ, ಆದರೆ ಅದರ ನಾರು ಎದ್ದು ಬಾವಲಿಯ ಉಗುರಿಗೆ ಸುತ್ತಿಕೊಂಡು ಪ್ರಾಣ ತೆಗೆಯುತ್ತದೆ. ಹೀಗಾಗಿ ಬಾವಲಿಯಿರುವ ಸೂರಿನಡಿ, ಉಸಿರಾಡದ ಹಳೆಯ ಬಿಟುಮೆನ್ ಹಾಳೆಯನ್ನೇ ಹಾಸುವುದು ರೂಢಿ.