ಪದ ಪರಿಚಯ: ಅವಲೋಕನ ಸಾಕ್ಷ್ಯಚಿತ್ರ

ಸಾಕ್ಷ್ಯಚಿತ್ರ ಎಂದ ಕೂಡಲೇ ನೆನಪಾಗುವುದು ಗಂಭೀರವಾದ ಹಿನ್ನೆಲೆ ದನಿ, ಕುರ್ಚಿಯಲ್ಲಿ ಕೂತು ಉತ್ತರ ಕೊಡುವ ತಜ್ಞರು, ನಡುನಡುವೆ ಕೊಳಲು. ಅವೆಲ್ಲವನ್ನೂ ಬಿಟ್ಟು, ಜನ ತಮ್ಮ ಪಾಡಿಗೆ ತಾವು ಬದುಕುವುದನ್ನು ನೋಡುತ್ತ, ಕೇಳುತ್ತ ಕಟ್ಟುವ ಚಿತ್ರವೇ ಅವಲೋಕನ ಸಾಕ್ಷ್ಯಚಿತ್ರ. ‘ಇನ್ನೊಂದು ಸಲ ಮಾಡಿ’ ಎಂದು ಇಲ್ಲಿ ನಿರ್ದೇಶಕ ಕೇಳುವುದಿಲ್ಲ.

1960ರ ಸುಮಾರಿಗೆ ಹೆಗಲ ಮೇಲೆ ಹೊತ್ತು ತಿರುಗಬಹುದಾದ 16 ಮಿ.ಮೀ. ಕ್ಯಾಮೆರಾ, ದೃಶ್ಯಕ್ಕೆ ತಾಳೆಯಾಗುವಂತೆ ಮಾತು ಹಿಡಿಯುವ ಹಗುರ ರೆಕಾರ್ಡರ್ ಬಂದ ಮೇಲೆ ಈ ಬಗೆ ಬೇರೂರಿತು. ಅಮೆರಿಕದ ಫ್ರೆಡರಿಕ್ ವೈಸ್‌ಮನ್ 1967ರಿಂದ ಶಾಲೆ, ಆಸ್ಪತ್ರೆ, ಸಣ್ಣ ಊರುಗಳನ್ನು ಹೀಗೆ ಚಿತ್ರಿಸಿದರು. ನಿರೂಪಣೆಯಿಲ್ಲ, ಸಂದರ್ಶನವಿಲ್ಲ, ಧ್ವನಿಮುದ್ರಣವೂ ಸಂಕಲನವೂ ಅವರದೇ. ನಮ್ಮ ಮಗ್ಗುಲಲ್ಲೂ ಇಂಥ ಕೆಲಸ ನಡೆದಿದೆ. ಕೋಲಾರ ಜಿಲ್ಲೆಯ ಶ್ರೀನಿವಾಸಪುರದಿಂದ ಗಡಿ ದಾಟಿದರೆ ಸಿಗುವ ಆಂಧ್ರದ ಮದನಪಲ್ಲಿ ಬಳಿಯ ರಿಷಿ ವ್ಯಾಲಿ ಶಾಲೆಯಲ್ಲಿ ಡೇವಿಡ್ ಮ್ಯಾಕ್‌ಡೂಗಲ್ ತೆಗೆದ ಚಿತ್ರ 2007ರಲ್ಲಿ ಬಂತು.

ನಮ್ಮ ಕೋಲಾರ, ಚಿಕ್ಕಬಳ್ಳಾಪುರ ಜಿಲ್ಲೆಗಳಲ್ಲಿ ಇದಕ್ಕೆ ಶಿಡ್ಲಘಟ್ಟಕ್ಕಿಂತ ಒಳ್ಳೆಯ ಜಾಗ ನನಗೆ ತೋಚುವುದಿಲ್ಲ. ರೇಷ್ಮೆ ಗೂಡಿನಿಂದ ಎಳೆ ತೆಗೆಯುವ ಅಲ್ಲಿನ ಒಂದು ನೂಲು ಬಿಚ್ಚಾಣಿಕೆ ಘಟಕಕ್ಕೆ ಕ್ಯಾಮೆರಾ ಹೋಯಿತೆನ್ನಿ. ಮೊದಲ ದಿನ ಮಾಲೀಕರು ಅಂಗಿ ಸರಿಮಾಡಿಕೊಂಡು, ‘ಸಾರ್, ಏನ್ ಹೇಳ್ಬೇಕು ಹೇಳಿ’ ಎನ್ನುತ್ತಾರೆ. ಹೆಂಗಸರು ಸೆರಗು ಎಳೆದುಕೊಂಡು ಒಬ್ಬರನ್ನೊಬ್ಬರು ನೋಡಿ ನಗುತ್ತಾರೆ. ದಿನ ಕಳೆದಂತೆ ಕೆಲಸವೇ ಎಲ್ಲರನ್ನೂ ತನ್ನ ಕಡೆ ಎಳೆದುಕೊಳ್ಳುತ್ತದೆ. ಬಿಸಿನೀರಿನ ತೊಟ್ಟಿಯಲ್ಲಿ ಬೆಂದ ಗೂಡುಗಳ ನಡುವೆ ಬೆರಳು ಎಳೆಯ ತುದಿ ಹುಡುಕುತ್ತದೆ. ಸಿಕ್ಕ ಎಳೆಯನ್ನು ಓಡುತ್ತಿರುವ ನೂಲಿಗೆ ಸೇರಿಸುತ್ತದೆ. ನೆನೆದು ಬಿಳಿಚಿಕೊಂಡ ಅದೇ ಬೆರಳು ಮತ್ತೆ ನೀರಿಗಿಳಿಯುತ್ತದೆ. ಇದನ್ನು ಎರಡು ನಿಮಿಷ ಕತ್ತರಿಸದೆ ತೋರಿಸಿದರೆ, ಕೆಲಸ ಎಷ್ಟು ಕಷ್ಟ ಎಂದು ಇನ್ಯಾರೂ ವಿವರಿಸಬೇಕಿಲ್ಲ. ಜನ ಕ್ಯಾಮೆರಾ ಮರೆತು ಕೆಲಸದಲ್ಲಿ ಮುಳುಗುವವರೆಗೆ ಕಾದು ಕೂರುವುದೇ ಈ ಬಗೆಯ ಚಿತ್ರದ ಅರ್ಧ ಕೆಲಸ.

ಮಾತೂ ಹಾಗೆಯೇ. ಸಂದರ್ಶನಕ್ಕೆ ಕೂರಿಸಿದರೆ ಜನ ಪುಸ್ತಕದ ಕನ್ನಡ ಶುರುಮಾಡುತ್ತಾರೆ. ಗೂಡಿನ ಮಾರುಕಟ್ಟೆಯಲ್ಲಿ ರೈತರು, ಗೂಡು ಕೊಂಡು ನೂಲು ತೆಗೆಸುವ ರೀಲರ್‌ಗಳು ಆಡುವ ಮಾತಿನಲ್ಲಿ ಕನ್ನಡ, ತೆಲುಗು, ಉರ್ದು ಮೂರೂ ಬೆರೆತಿರುತ್ತವೆ. ಆ ಊರಿನ ಬಾಳು ಹೇಗೆ ಹೆಣೆದುಕೊಂಡಿದೆ ಎಂಬುದು ಅಲ್ಲೇ ಕೇಳಿಸುತ್ತದೆ.

ಇದು ಕ್ಯಾಮೆರಾ ಬಚ್ಚಿಟ್ಟು ತೆಗೆಯುವ ಚಿತ್ರವಲ್ಲ. ನಿರ್ದೇಶಕರ ನಿಲುವೇ ಇರುವುದಿಲ್ಲ ಎಂಬುದೂ ಸುಳ್ಳು. ಎಲ್ಲಿ ನಿಂತು ನೋಡಿದರು, ಯಾವ ದೃಶ್ಯದ ಪಕ್ಕ ಯಾವುದನ್ನು ಇಟ್ಟರು, ಏನನ್ನು ಕೈಬಿಟ್ಟರು ಎಂಬುದರಲ್ಲೇ ಅದು ಇರುತ್ತದೆ.

ಎಲ್ಲರಿಗೂ ಎಲ್ಲರೂ ಗೊತ್ತಿರುವ ಬೀದಿಯಲ್ಲಿ ಈ ಆಯ್ಕೆ ಇನ್ನೂ ಸೂಕ್ಷ್ಮ. ಮಾಲೀಕರ ಹತ್ತಿರ ಮುಂಗಡ ಕೇಳುತ್ತ ಕಣ್ಣು ತುಂಬಿಕೊಂಡ ಹೆಂಗಸಿನ ದೃಶ್ಯ ಎಷ್ಟೇ ಗಟ್ಟಿಯಾಗಿರಲಿ, ಮರುದಿನ ಆಕೆ ಅದೇ ತೊಟ್ಟಿಯ ಮುಂದೆ ಕೂರಬೇಕು, ಅದೇ ಬೀದಿಯ ನಲ್ಲಿಯಲ್ಲಿ ನೀರು ಹಿಡಿಯಬೇಕು. ಶುರುವಿನಲ್ಲಿ ಪಡೆದ ಒಪ್ಪಿಗೆ ಇದಕ್ಕೆ ಸಾಲದು. ಸಂಕಲನ ಮುಗಿದ ಮೇಲೆ ಆಕೆಗೆ ತೋರಿಸಿ ಮತ್ತೊಮ್ಮೆ ಕೇಳಬೇಕು, ಬೇಡ ಎಂದರೆ ತೆಗೆದುಹಾಕಬೇಕು. ಎಲ್ಲ ನಿರ್ದೇಶಕರೂ ಇದನ್ನು ಒಪ್ಪುವುದಿಲ್ಲ, ನಾನು ಒಪ್ಪುತ್ತೇನೆ.