ಬೀಜದುಂಡೆಗೆ ಸಗಣಿ ಎಷ್ಟು ಬೆರೆಸಬೇಕು?

ಪ್ರಶ್ನೆ: ಮನೆ ಪಕ್ಕದ ಖಾಲಿ ಸೈಟಿನಲ್ಲಿ ಕಾಡುಹೂ ಬರಲೆಂದು ಹಸಿ ಸಗಣಿಯಲ್ಲಿ ಬೀಜದುಂಡೆ ಕಟ್ಟಿ ಎಸೆದೆವು. ಮಳೆ ಬಂದರೂ ಒಂದೂ ಮೊಳೆಯಲಿಲ್ಲ. ಸಗಣಿ ಕಮ್ಮಿಯಾಯಿತೇ?

ಕಮ್ಮಿಯಲ್ಲ, ಜಾಸ್ತಿಯಾಯಿತು. ಹಸಿ ಸಗಣಿ ಒಂದು ಹಿಡಿಯೂ ಬೇಡ. ಪ್ರತಿ ವರ್ಷ ಇದೇ ಮಾತು ಹೇಳುತ್ತೇವೆ, ಮರುವರ್ಷ ಮತ್ತೆ ಸಗಣಿಯುಂಡೆಗಳೇ ತಯಾರಾಗುತ್ತವೆ. ಈ ಸಲ ಬುಡದಿಂದಲೇ ಹೇಳಿಬಿಡೋಣ.

ಹಳ್ಳಿಮನೆಗಳಲ್ಲಿ ಸೌತೆ, ಕುಂಬಳದ ಬೀಜವನ್ನು ಸಗಣಿಗೆ ಮೆತ್ತಿ ಗೋಡೆಗೆ ಬಡಿಯುತ್ತಿದ್ದದ್ದು ಯಾಕೆ? ಮೊಳೆಯಲಿ ಎಂದಲ್ಲ, ಮುಂದಿನ ಬಿತ್ತನೆಯವರೆಗೆ ಹುಳ ಹಿಡಿಯದೆ, ಮೊಳೆಯದೆ ಇರಲಿ ಎಂದು. ಬಿತ್ತುವ ದಿನ ಅದನ್ನು ಒಡೆದು, ಬೀಜ ಬಿಡಿಸಿಕೊಂಡು ನೆಲಕ್ಕೆ ಹಾಕುತ್ತಿದ್ದರು. ಸಗಣಿಯುಂಡೆ ಎಸೆಯುವವರು ಈ ಬಿಡಿಸುವ ಕೆಲಸವನ್ನೇ ಮರೆತಿದ್ದಾರೆ.

ಒಣಗಿದ ಜೇಡಿಮಣ್ಣು ನೀರು ಕುಡಿದರೆ ಬಿರಿದು ಕರಗುತ್ತದೆ. ಸಗಣಿಯಲ್ಲಿ ಹುಲ್ಲಿನ ನಾರಿದೆ, ಅದು ಉಂಡೆಯನ್ನು ಬಿಗಿಯಾಗಿ ಹಿಡಿದಿಡುತ್ತದೆ. ಬೆರಣಿ ಒಂದು ಮಳೆಗೆ ಕರಗಿಹೋಗುತ್ತದೆಯೇ? ಒಳಗಿನ ಎಳೆಬೇರು ಆ ನಾರಿನಲ್ಲೇ ಸುತ್ತಿಕೊಂಡು ಸಾಯುತ್ತದೆ. ಹಸಿ ಸಗಣಿಗೆ ಗಂಜಲವೂ ಸೇರಿದರೆ ಅಮೋನಿಯಾ ಎದ್ದು ಮೊಳಕೆ ಸುಡುತ್ತದೆ, ಬೂಷ್ಟು ಬೇರೆ ಹಿಡಿಯುತ್ತದೆ. ಹಸು ಮೇದ ಕಳೆಗಳ ಬೀಜ ಜೀರ್ಣವಾಗದೆ ಸಗಣಿಯಲ್ಲೇ ಬರುವುದರಿಂದ, ಕೊನೆಗೆ ಎದ್ದರೂ ಏಳುವುದು ನೀವು ಹಾಕಿದ ಗಿಡವೇ ಎಂಬ ಖಾತ್ರಿಯಿಲ್ಲ.

‘ಗೊಬ್ಬರವಿಲ್ಲದೆ ಗಿಡ ಹೇಗೆ ಬಂದೀತು?’ ರಸ್ತೆಬದಿಯ ತುಂಬೆಗೆ ಯಾರು ಗೊಬ್ಬರ ಹಾಕಿದ್ದಾರೆ? ಮೊಳಕೆಗೆ ಬೇಕಾದ ಊಟ ಬೀಜದ ಬೇಳೆಯಲ್ಲೇ ಇದೆ. ಕಾಡುಹೂಗಳು ಬಡ ಮಣ್ಣಿಗೇ ಒಗ್ಗಿದವು. ಸತ್ವ ಹೆಚ್ಚಿಸಿದರೆ ಹುಲ್ಲು ಕೊಬ್ಬಿ ಹೂವನ್ನು ಮುಚ್ಚುತ್ತದೆ. ಬೀಜದುಂಡೆ ಪದ್ಧತಿಯನ್ನು ಜನಪ್ರಿಯಗೊಳಿಸಿದ ಜಪಾನಿನ ರೈತ ಮಸನೊಬು ಫುಕುಓಕ (1913–2008). ಅಲ್ಲಿ ಇದರ ಹೆಸರೇ ನೆಂದೊ ದಾಂಗೊ, ಅಂದರೆ ಜೇಡಿಮಣ್ಣಿನ ಉಂಡೆ.

ಅಳತೆ ಹೀಗೆ: ಜರಡಿ ಹಿಡಿದ ಜೇಡಿಮಣ್ಣು 5 ಪಾವು, ಪೂರ್ತಿ ಕಳಿತ ಕಾಂಪೋಸ್ಟ್ ಅಥವಾ ಎರೆಗೊಬ್ಬರ 3 ಪಾವು (ಊಟಕ್ಕಲ್ಲ, ಉಂಡೆ ಸಡಿಲವಾಗಿರಲೆಂದು), ಬೀಜ ಹೆಚ್ಚೆಂದರೆ 1 ಪಾವು. ತುಂಬೆಯಂಥ ಸಣ್ಣ ಬೀಜವಾದರೆ ಒಂದೆರಡು ಚಮಚ ಸಾಕು, ಒಣಮರಳಿನಲ್ಲಿ ಬೆರೆಸಿ ಹಾಕಿ. ಒಂದು ಉಂಡೆಗೆ ಮೂರರಿಂದ ಐದು ಬೀಜ ಬಂದರೆ ಸರಿ. ಬೆದ್ದಲು ನೆಲದ ಕೆಮ್ಮಣ್ಣಿನಲ್ಲಿ ಮರಳು ಹೆಚ್ಚು, ಅದಕ್ಕೆ ಕೆರೆಗೋಡು, ಅಂದರೆ ಕೆರೆಯ ಹೂಳುಮಣ್ಣು ಬೆರೆಸಿ. ಒದ್ದೆ ಮಣ್ಣನ್ನು ಪೆನ್ಸಿಲ್ ದಪ್ಪಕ್ಕೆ ಹೊಸೆದು ಉಂಗುರ ಮಾಡಿ, ಬಿರುಕು ಬಿಡದಿದ್ದರೆ ಜಿಗುಟು ಸಾಕಷ್ಟಿದೆ. ನಾಲೆ ಬಯಲಿನ, ಬಿಳಿ ಪೊರೆ ಕಟ್ಟುವ ಚೌಳು ಮಣ್ಣು ಮಾತ್ರ ಬೇಡವೇ ಬೇಡ.

ಗೋಲಿ ಗಾತ್ರ ಮೀರಬೇಡಿ. ನಿಂಬೆಹಣ್ಣಿನಷ್ಟು ಮಾಡಿದರೆ ನಡುವಿನ ಸಣ್ಣ ಬೀಜಕ್ಕೆ ಹೊರಬರುವ ತ್ರಾಣವಿರುವುದಿಲ್ಲ. ನೆರಳಿನಲ್ಲಿ ಒಂದೇ ಪದರವಾಗಿ ಹರಡಿ, ಒಂದೆರಡು ದಿನದಲ್ಲಿ ಒಣಗಬೇಕು. ತಡವಾದರೆ ಒಳಗೇ ಮೊಳೆತು ಒಣಗುತ್ತದೆ. ಸೊಂಟದೆತ್ತರದಿಂದ ಬಿಟ್ಟರೆ ಒಡೆಯಬಾರದು, ನೀರಿನ ಬಟ್ಟಲಿಗೆ ಹಾಕಿದರೆ ಬಿರಿಯಬೇಕು. ಎರಡೂ ಪರೀಕ್ಷೆ ಮಾಡಿ.

ಶಂಖಪುಷ್ಪ, ತಂಗಡಿಯ ಬೀಜದ ಸಿಪ್ಪೆ ಗಟ್ಟಿ. ಅರ್ಧದಷ್ಟನ್ನು ಮರಳುಕಾಗದದ ಮೇಲೆ ಉಜ್ಜಿ, ಉಳಿದರ್ಧ ಹಾಗೇ ಇರಲಿ, ಮುಂದಿನ ಮಳೆಗೆ ಬರುತ್ತದೆ. ನೆನೆಸಿಟ್ಟ ಬೀಜ ಉಂಡೆಗೆ ಬೇಡ. ಬೆಲ್ಲವೂ ಬೇಡ: ಇರುವೆ ಬೀಜ ಹೊತ್ತೊಯ್ಯದಿರಲೆಂದೇ ಮಣ್ಣಿನ ಹೊದಿಕೆ ಕೊಡುವುದು, ಬೆಲ್ಲ ಹಾಕಿದರೆ ಇರುವೆಯನ್ನು ನಾವೇ ಕರೆದಂತೆ.

ನೆಲವನ್ನು ಗುದ್ದಲಿಯಿಂದ ಒಂದಂಗುಲ ಕೆದಕಿ, ಚದರಡಿಗೆ ಒಂದು ಉಂಡೆ ಇಟ್ಟು ಕಾಲಲ್ಲಿ ಮೆಲ್ಲಗೆ ಒತ್ತಿ. ಗಟ್ಟಿ ನೆಲಕ್ಕೆ ಎಸೆದ ಉಂಡೆ ಉರುಳಿ ಚರಂಡಿ ಸೇರುತ್ತದೆ. ಕಾಲವೂ ಮುಖ್ಯ. ಭರಣಿ ಮಳೆಗೆ ಆತುರಪಡಬೇಡಿ. ಮೈಸೂರು, ಮಂಡ್ಯದ ಕಡೆ ಮೇ ಮಳೆಯಾದ ಮೇಲೆ ಜೂನ್, ಜುಲೈನಲ್ಲಿ ಬಿಡುವು ಬಂದು ಮೊಳಕೆ ಒಣಗುವುದುಂಟು. ಸೆಪ್ಟೆಂಬರ್, ಅಕ್ಟೋಬರ್‌ನಲ್ಲಿ ಮಳೆ ಮತ್ತೆ ಜೋರಾಗುತ್ತದೆ. ಹುಬ್ಬೆ, ಉತ್ತರೆಯ ಹೊತ್ತಿಗೆ ಹಾಕಿದರೆ ಹಸ್ತ, ಚಿತ್ತೆಯ ಮಳೆಗೆ ಬೇರು ಕಚ್ಚಿಕೊಳ್ಳುತ್ತದೆ.

ಇನ್ನೊಂದು ವಿಷಯ, ಯಾರೂ ಕೇಳಿಲ್ಲ, ಆದರೆ ಕೇಳಬೇಕಿತ್ತು: ಆ ಜಾಗ ನಿಜವಾಗಿ ಖಾಲಿಯೇ? ಉಂಡೆ ಕಟ್ಟುವ ಮುಂಚೆ ಒಂದು ಹದಮಳೆ ಬೀಳಲಿ, ಮೂರು ವಾರ ಕಾದು ನೋಡಿ. ಮಣ್ಣಿನಲ್ಲಿ ಮಲಗಿದ್ದ ತುಂಬೆ, ವಿಷ್ಣುಕ್ರಾಂತಿ, ಅಣ್ಣೆಸೊಪ್ಪು ತಾವಾಗಿಯೇ ಏಳಬಹುದು. ಎದ್ದರೆ ಕಾಂಗ್ರೆಸ್ ಗಿಡವನ್ನು ಹೂ ಬಿಡುವ ಮುಂಚೆಯೇ ಕೈಗವಸು ಹಾಕಿಕೊಂಡು ಕೀಳುವುದಷ್ಟೇ ನಿಮ್ಮ ಕೆಲಸ. ಬರೀ ನೆಲದಲ್ಲಿ ಪೆನ್ಸಿಲ್ ತೂರುವಷ್ಟು ಸಣ್ಣ ತೂತು, ಸುತ್ತ ಪುಡಿಮಣ್ಣಿನ ದಿಬ್ಬ ಕಂಡರೆ ಅದು ಹಿಂಡು ಕಟ್ಟದೆ ಒಂಟಿಯಾಗಿ ಬಾಳುವ ಜೇನ್ನೊಣದ ಮನೆಯಿರಬಹುದು. ಹೂವಿಗೆ ಬರಬೇಕಾದ ಅತಿಥಿ ಅದೇ. ಅಷ್ಟು ಜಾಗ ಕೆದಕದೆ ಬಿಡಿ.