ಬರ್ಟ್ ಕ್ವೊಕ್: ಚೀನೀ ಮುಖಕ್ಕೆ ಸಿಕ್ಕ ಪಾತ್ರಗಳು

ಪೂರ್ವ ಏಷ್ಯಾದ ಪಾತ್ರಗಳನ್ನು ಯಾರು ಮಾಡಬೇಕು ಎಂಬ ಚರ್ಚೆ ಬ್ರಿಟನ್ನಿನಲ್ಲಿ 2012ರಲ್ಲಿ ಕಾವೇರಿತು. ಆ ವರ್ಷ ರಾಯಲ್ ಷೇಕ್ಸ್‌ಪಿಯರ್ ಕಂಪನಿಯು ‘ದಿ ಆರ್ಫನ್ ಆಫ್ ಝಾವೊ’ ಎಂಬ ಚೀನೀ ನಾಟಕವನ್ನು ರಂಗಕ್ಕೆ ತಂದಾಗ, 17 ಕಲಾವಿದರ ಪೈಕಿ ಪೂರ್ವ ಏಷ್ಯಾ ಮೂಲದವರು ಮೂವರೇ ಇದ್ದರು. ಈ ತಕರಾರಿನ ಬೇರು ಹಳೆಯದು. ಅದನ್ನು ತಿಳಿಯಲು ಪೋಷಕ ನಟ ಬರ್ಟ್ ಕ್ವೊಕ್ ಅವರ ವೃತ್ತಿಜೀವನವನ್ನು ನೋಡಿದರೆ ಸಾಕು.

1930ರಲ್ಲಿ ಇಂಗ್ಲೆಂಡಿನ ವಾರಿಂಗ್‌ಟನ್‌ನಲ್ಲಿ ಹುಟ್ಟಿ, ಶಾಂಘೈನಲ್ಲಿ ಬೆಳೆದು, ಅಮೆರಿಕದಲ್ಲಿ ಪದವಿ ಪಡೆದ ಕ್ವೊಕ್, 1954ರಲ್ಲಿ ಬ್ರಿಟನ್ನಿಗೆ ಮರಳಿದರು. ಅವರಿಗೆ ಗಮನಾರ್ಹವಾದ ಮೊದಲ ಅವಕಾಶ ಸಿಕ್ಕಿದ್ದು 1958ರ ‘ದಿ ಇನ್ ಆಫ್ ದಿ ಸಿಕ್ಸ್ತ್ ಹ್ಯಾಪಿನೆಸ್’ ಚಿತ್ರದಲ್ಲಿ. ಕತೆ ನಡೆಯುವುದು ಚೀನಾದಲ್ಲಾದರೂ ಚಿತ್ರೀಕರಣ ನಡೆದದ್ದು ವೇಲ್ಸ್‌ನ ಸ್ನೋಡೋನಿಯಾ ಬೆಟ್ಟಗಳ ನಡುವೆ. ಮಕ್ಕಳನ್ನು ಕರೆತಂದದ್ದು ಲಿವರ್‌ಪೂಲ್‌ನ ಚೀನೀ ಸಮುದಾಯದಿಂದ. ಆದರೆ ಊರಿನ ಹಿರಿಯ ಅಧಿಕಾರಿಯ ಪಾತ್ರಕ್ಕೆ ಬಣ್ಣ ಹಚ್ಚಿದವರು ಇಂಗ್ಲಿಷ್ ನಟ ರಾಬರ್ಟ್ ಡೊನಾಟ್, ಚೀನೀ ಸೇನಾಧಿಕಾರಿಯಾದವರು ಜರ್ಮನ್ ಮೂಲದ ಕುರ್ಟ್ ಯೂರ್ಗೆನ್ಸ್. ಕ್ವೊಕ್ ಪಾಲಿಗೆ ಬಂದದ್ದು ಕೈದಿಗಳ ನಾಯಕನಾಗಿ ಕಾಣಿಸಿಕೊಂಡು, ಕೊನೆಗೆ ಮಕ್ಕಳಿಗಾಗಿ ಪ್ರಾಣ ಕೊಡುವ ಲೀ ಎಂಬ ಪಾತ್ರ. ಗುಂಪಿಗೆ ಅಸಲಿ ಮುಖ, ಮುಖ್ಯ ಪಾತ್ರಕ್ಕೆ ಮೇಕಪ್ ಎಂಬ ಈ ಲೆಕ್ಕಾಚಾರವನ್ನು ಆಗ ಪ್ರಶ್ನಿಸಿದವರು ಕಡಿಮೆ.

1964ರಲ್ಲಿ ಅವರು ‘ಎ ಶಾಟ್ ಇನ್ ದಿ ಡಾರ್ಕ್’ ಚಿತ್ರದ ಕೇಟೊ ಆದರು. ಪತ್ತೇದಾರ ಕ್ಲೂಸೊ ಸದಾ ಎಚ್ಚರವಾಗಿರಬೇಕೆಂದು, ಅವನದೇ ಅಪ್ಪಣೆಯ ಮೇರೆಗೆ ಅವನ ಮೇಲೆ ಹಠಾತ್ತನೆ ಎರಗುವ ಮನೆಯಾಳು ಈತ. ಹೊಡೆದಾಟದ ನಡುವೆ ಫೋನ್ ರಿಂಗಾದರೆ ಸಾಕು, ಎಲ್ಲವನ್ನೂ ಬಿಟ್ಟು ವಿನಯದಿಂದ ಉತ್ತರಿಸುತ್ತಾನೆ. ಆಳಿನ ಪಾತ್ರವೇ ಹೌದು, ಆದರೆ ಕ್ಲೂಸೊ ಪಾತ್ರಧಾರಿ ಪೀಟರ್ ಸೆಲ್ಲರ್ಸ್ ಅವರಂಥವರ ಎದುರು ಒಂದು ಕ್ಷಣವೂ ತಾಳ ತಪ್ಪದ ಆ ಹಾಸ್ಯವನ್ನು ಬರೀ ಪಡಿಯಚ್ಚು ಎಂದು ತಳ್ಳಿಹಾಕುವುದು ನಟನಿಗೆ ಮಾಡುವ ಅನ್ಯಾಯವಾದೀತು.

ಬಾಂಡ್ ಸರಣಿಯ ‘ಗೋಲ್ಡ್‌ಫಿಂಗರ್’ನಲ್ಲಿ ಚೀನೀ ಅಣುತಜ್ಞನಾಗಿ, 1981ರಲ್ಲಿ ಆರಂಭವಾದ ‘ಟೆಂಕೊ’ ಧಾರಾವಾಹಿಯಲ್ಲಿ ಜಪಾನಿ ಸೆರೆಶಿಬಿರದ ಅಧಿಕಾರಿಯಾಗಿ, ಅವರಿಗೆ ಕೆಲಸಕ್ಕಂತೂ ಬರವಿರಲಿಲ್ಲ. ಆದರೆ ಫೂ ಮಾಂಚು ಎಂಬ ಚೀನೀ ಖಳನಾಯಕನ ಕುರಿತ 1960ರ ದಶಕದ ಚಿತ್ರಗಳಲ್ಲಿ ಆ ಹೆಸರಿನ ಪಾತ್ರ ಸೇರಿದ್ದು ಇಂಗ್ಲಿಷ್ ನಟ ಕ್ರಿಸ್ಟೋಫರ್ ಲೀ ಅವರಿಗೆ; 1966ರ ಕಂತಿನಲ್ಲಿ ಕ್ವೊಕ್ ಅವನ ಅನುಚರ. 1980ರಲ್ಲಿ ಸೆಲ್ಲರ್ಸ್ ಅವರೇ ಫೂ ಮಾಂಚು ಆದಾಗಲೂ ಕ್ವೊಕ್ ಸೇವಕ, ಅದೂ ಎಲ್ಲೋ ನೋಡಿದ ಮುಖವೆಂದು ಯಜಮಾನ ಗುರುತಿಸುವ ತಮಾಷೆಗಾಗಿ. ನಗು ಬರುವುದು ನಿಜ, ಆದರೆ ಅದರ ಜೊತೆಗೆ ಕೊಂಚ ಇರುಸುಮುರುಸೂ ಆಗುತ್ತದೆ.

ಎಪ್ಪತ್ತು ದಾಟಿದ ಮೇಲೆ, ‘ಲಾಸ್ಟ್ ಆಫ್ ದಿ ಸಮ್ಮರ್ ವೈನ್’ ಎಂಬ ಯಾರ್ಕ್‌ಷೈರ್ ಹಾಸ್ಯ ಧಾರಾವಾಹಿಯಲ್ಲಿ ಅವರು ಎಂಟ್‌ವಿಸಲ್ ಎಂಬ ಅಪ್ಪಟ ಇಂಗ್ಲಿಷ್ ಹೆಸರಿನ ಎಲೆಕ್ಟ್ರಿಷಿಯನ್ ಆದರು. 2011ರಲ್ಲಿ ಒಬಿಇ ಎಂಬ ಬ್ರಿಟಿಷ್ ಸರ್ಕಾರಿ ಗೌರವ ಬಂದಿತು. 2016ರ ಮೇ ತಿಂಗಳಲ್ಲಿ ಅವರು ತೀರಿಕೊಂಡರು.